ಅರ್ಧ ದಿನದ ಕುದುರೆ

ಕುದುರೆ ನಮ್ಮ ಬಳಿ ಇರುವುದು ಮಧ್ಯಾಹ್ನದವರೆಗೆ ಮಾತ್ರ. ಇಡೀ ದಿನದ ಬಾಡಿಗೆ ಕೊಡುವ ಶಕ್ತಿ ನಮಗಿಲ್ಲ. ಹಾಗಾಗಿ ಕುದುರೆ ಕಾಣುವ ಶಾಟ್‌ಗಳೆಲ್ಲ ಮೊದಲು. ಮುಖ, ಮಾತು, ಬೂಟು, ಬಂದೂಕು ಎಲ್ಲವೂ ಆಮೇಲೆ.

ಇದು ಸ್ಪೇನಿನ ದಕ್ಷಿಣದಲ್ಲಿರುವ ತಬೆರ್ನಾಸ್ ಮರುಭೂಮಿ. ಐದು ಜನರ ತಂಡ, ಹನ್ನೆರಡು ನಿಮಿಷದ ಕಿರುಚಿತ್ರ. ‘ಶೋಲೆ’ ಚಿತ್ರೀಕರಣದ ಕಥೆ ಕೇಳುತ್ತಾ ರಾಮನಗರದ ಬಂಡೆಗಳ ನಡುವೆ ಬೆಳೆದವಳು ನಾನು. ಒಂದು ವೆಸ್ಟರ್ನ್, ಅಂದರೆ ಕುದುರೆ-ಬಂದೂಕುಗಳ ಕೌಬಾಯ್ ಚಿತ್ರ, ಮಾಡಬೇಕೆಂಬ ಆಸೆ ಹುಟ್ಟಿದ್ದು ಅಲ್ಲೇ.

ಅರವತ್ತರ ದಶಕದಲ್ಲಿ ಇಟಲಿಯವರು ಹಾಲಿವುಡ್ಡಿನಷ್ಟು ದುಡ್ಡಿಲ್ಲದೆ ವೆಸ್ಟರ್ನ್ ಚಿತ್ರಗಳನ್ನು ತೆಗೆದದ್ದು ಇಂಥ ನೆಲದಲ್ಲೇ. 1964ರ ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ ಚಿತ್ರದ ಒಟ್ಟು ಖರ್ಚು ಸುಮಾರು 2 ಲಕ್ಷ ಡಾಲರ್. ಅದರಲ್ಲಿ ನಾಯಕ ನಟ ಕ್ಲಿಂಟ್ ಈಸ್ಟ್‌ವುಡ್ ಅವರ ಸಂಭಾವನೆ 15 ಸಾವಿರ. ನಿರ್ದೇಶಕ ಸರ್ಜಿಯೋ ಲಿಯೋನೆ ಬಳಸಿದ್ದು ಟೆಕ್ನಿಸ್ಕೋಪ್ ಎಂಬ, ಫಿಲಂ ಉಳಿಸುವ ಚಿತ್ರೀಕರಣ ವಿಧಾನ. ಫ್ರೇಮೊಂದಕ್ಕೆ ಫಿಲಂ ಅಂಚಿನ ನಾಲ್ಕು ರಂಧ್ರಗಳಷ್ಟು ಉದ್ದ ಬೇಕಾದಲ್ಲಿ ಅದಕ್ಕೆ ಎರಡೇ ಸಾಕು. ಅದೇ ರೀಲು ಎರಡು ಪಟ್ಟು ಹೊತ್ತು ಓಡುತ್ತದೆ, ಪರದೆಯೂ ಅಗಲವಾಗುತ್ತದೆ. ಮಾತೆಲ್ಲ ಆಮೇಲೆ ಡಬ್ಬಿಂಗ್‌ನಲ್ಲಿ. ಸಂಗೀತಕ್ಕೆ ದೊಡ್ಡ ವಾದ್ಯವೃಂದ ಕೈಗೆಟುಕದಿದ್ದಾಗ ಎನ್ನಿಯೋ ಮೊರಿಕೋನೆ ಸಿಳ್ಳೆ, ಚಾಟಿಯೇಟು, ಗುಂಡಿನ ಸದ್ದುಗಳನ್ನೇ ವಾದ್ಯ ಮಾಡಿಕೊಂಡರು. ಆ ಸಿಳ್ಳೆ ಕೇಳಿದಾಗೆಲ್ಲ ನನಗೆ ಇಂದಿಗೂ ಮೈ ಜುಮ್ಮೆನ್ನುತ್ತದೆ.

ಡಿಜಿಟಲ್ ಕ್ಯಾಮೆರಾ ಬಂದು ಫಿಲಂ ಖರ್ಚು ತಪ್ಪಿತು, ನಿಜ. ಆದರೆ ಕುದುರೆ, ಅದನ್ನು ಪಳಗಿಸಿದವರು, ಚರ್ಮದ ಜೀನು, ಹಳೆಯ ಕಾಲದ ಉಡುಪು ಯಾವುದೂ ಅಗ್ಗವಾಗಿಲ್ಲ. ಚೌಕಟ್ಟಿನೊಳಗೆ ಒಂದು ವಿದ್ಯುತ್ ಕಂಬ ನುಸುಳಿದರೂ ಆ ಶಾಟ್ ಹೋದಂತೆಯೇ.

ಈ ದೃಶ್ಯ ನೋಡಿ. ಯಾರೂ ಕಾಲಿಡದ ಕಣಿವೆಗೆ ಒಬ್ಬ ಸವಾರ ಬರುತ್ತಾನೆ. ಮೊದಲ ಟೇಕ್‌ನಲ್ಲಿ ಕುದುರೆ ಅಡ್ಡ ತಿರುಗಿತು. ಎರಡನೆಯದಕ್ಕೆ ಮೊದಲು ಗೊರಸಿನ ಗುರುತುಗಳನ್ನೆಲ್ಲ ಅಳಿಸಬೇಕು. ಐವರೂ ಪೊರಕೆ ಹಿಡಿದೆವು. ಗುಡಿಸಿದ ಗೆರೆಗಳೂ ಕ್ಯಾಮೆರಾಕ್ಕೆ ಕಾಣುತ್ತವೆ. ಹಿಂದಕ್ಕೆ ನಡೆಯುತ್ತಾ ಅವುಗಳ ಮೇಲೆ ಬೊಗಸೆಯಿಂದ ಧೂಳು ತೂರಿದೆವು. ನಲವತ್ತು ನಿಮಿಷ ಹೋಯಿತು. ಅಷ್ಟರಲ್ಲಿ ಬಂಡೆಯ ನೆರಳು ಒಂದು ಮಾರು ಕುಗ್ಗಿತ್ತು. ಹಿಂದಿನ ಶಾಟ್‌ಗೆ ಅದು ಹೊಂದುವುದಿಲ್ಲ. ಆದರೂ ತೆಗೆದೆವು, ಏಕೆಂದರೆ ಈ ಬಾರಿ ಕುದುರೆ ನೇರವಾಗಿ, ತಲೆ ತಗ್ಗಿಸಿ, ನಾನು ಕನಸಿನಲ್ಲಿ ಕಂಡಂತೆಯೇ ನಡೆದುಬಂತು.

ಮಧ್ಯಾಹ್ನ ಕುದುರೆಯನ್ನು ವಾಹನಕ್ಕೆ ಹತ್ತಿಸಿದರು. ಈಗ ನೀವು ನೋಡುತ್ತಿರುವ ಕ್ಲೋಸಪ್ ಆಮೇಲೆ ತೆಗೆದದ್ದು. ಸವಾರ ಕುಳಿತಿರುವುದು ಮರದ ಸ್ಟೂಲಿನ ಮೇಲೆ. ಚೌಕಟ್ಟಿನ ಕೆಳಗೆ ಮಂಡಿಯೂರಿ, ಕುದುರೆಯ ನಡಿಗೆಯ ಲಯಕ್ಕೆ ಸ್ಟೂಲನ್ನು ಅಲುಗಾಡಿಸುತ್ತಿರುವವಳು ನಾನು.