ಹೆ-ಮಿಯ ಸಾಲ ಯಾರದ್ದು?

ಎಲ್ಲರಿಗೂ ನಮಸ್ಕಾರ. ಇವತ್ತು ಒಂದು ಸೀರಿಯಲ್ ಬಗ್ಗೆ ಮಾತಾಡುತ್ತೇನೆ ಅಂದಾಗ ಕೆಲವರು ನಕ್ಕಿದ್ದು ನನಗೆ ಗೊತ್ತು. ನಗಲಿ. ನಿಮ್ಮ ಮನೆಯಲ್ಲಿ ರಾತ್ರಿ ಹನ್ನೊಂದರ ಮೇಲೆ ಹೊದಿಕೆಯೊಳಗೆ ಫೋನ್ ಹಿಡಿದು ಕೊರಿಯನ್ ಸೀರಿಯಲ್ ನೋಡುವ ಮಗಳಿದ್ದರೆ, ನಗೋದು ಬೇಗ ನಿಲ್ಲುತ್ತದೆ.

ಸೀರಿಯಲ್ ಹೆಸರು ‘ಡ್ರೀಮ್ ಹೈ’. 2011ರ ಜನವರಿಯಲ್ಲಿ ಕೊರಿಯಾದ ಕೆಬಿಎಸ್ 2 ವಾಹಿನಿಯಲ್ಲಿ ಶುರುವಾಯಿತು. ಒಟ್ಟು 16 ಕಂತು. ಕಿರಿನ್ ಅನ್ನುವ ಕಲಾ ಪ್ರೌಢಶಾಲೆ, ಅಲ್ಲಿ ಪಾಪ್ ತಾರೆಯಾಗಲು ಕಲಿಯುವ ಹದಿಹರೆಯದ ಮಕ್ಕಳು. ಇಂಥ ಕಥೆಗಳು ಆಮೇಲೆ ಇನ್ನೂ ಬಂದವು. ಮಾತಾಡೋದಕ್ಕೆ ನನಗೆ ಇದೊಂದೇ ಸಾಕು.

ಕಥಾನಾಯಕಿ ಗೋ ಹೆ-ಮಿ. ಶಾಸ್ತ್ರೀಯ ಪಾಶ್ಚಾತ್ಯ ಸಂಗೀತ ಕಲಿತವಳು, ಪಾಪ್ ಅಂದರೆ ಮೂಗು ಮುರಿಯುವವಳು. ಅಪ್ಪ ಸಾಲ ಮಾಡಿ ಕೈಯೆತ್ತುತ್ತಾನೆ. ಬಡ್ಡಿ ವ್ಯಾಪಾರಿ ಬಾಗಿಲಿಗೆ ಬಂದು ನಿಲ್ಲುತ್ತಾನೆ. ಸಾಲ ತೀರಬೇಕಾದರೆ ಇವಳು ಸ್ಟಾರ್ ಆಗಬೇಕು, ಸ್ಟಾರ್ ಆಗಬೇಕಾದರೆ ಆ ಶಾಲೆಗೆ ಸೇರಬೇಕು.

ಆಡಿಷನ್ ದೃಶ್ಯ ನೋಡಿ. ಹೆ-ಮಿ, ಅವಳ ಗೆಳತಿ ಬೆಕ್-ಹಿ ಇಬ್ಬರೂ ಒಟ್ಟಿಗೆ ನಿಂತಿದ್ದಾರೆ. ಎದುರಿಗೆ ಕೂತವರು ಕೇಳುತ್ತಾರೆ: ಒಬ್ಬರನ್ನು ಮಾತ್ರ ತಗೊಳ್ಳೋದಾದರೆ ಯಾರನ್ನು? ಹೆ-ಮಿ ಯೋಚಿಸೋದೇ ಇಲ್ಲ. ನನ್ನನ್ನೇ ತಗೊಳ್ಳಿ, ಇವಳು ಮೂರನೇ ದರ್ಜೆಯವಳು ಅಂದುಬಿಡುತ್ತಾಳೆ. ಆಯ್ಕೆಯಾಗೋದು ಬೆಕ್-ಹಿ. ಅಷ್ಟು ವರ್ಷ ಇವಳ ಹಿಂದೆ ಹಿಂದೆ ತಿರುಗಿದ ಹುಡುಗಿಯ ಮುಖ ಆ ಒಂದು ಮಾತಿಗೆ ಬದಲಾಗುತ್ತದಲ್ಲ, ಅದನ್ನು ನಾನು ಎರಡು ಸಲ ಹಿಂದಕ್ಕೆ ಹಾಕಿ ನೋಡಿದ್ದೇನೆ. ಮಕ್ಕಳನ್ನು ಸಾಲಾಗಿ ನಿಲ್ಲಿಸಿ ‘ನಿಮ್ಮಲ್ಲಿ ಯಾರು ಮೇಲು’ ಅಂತ ಅವರ ಬಾಯಲ್ಲೇ ಹೇಳಿಸೋದು ಎಂಥ ಕೆಲಸ ಅಂತ ಆ ಎರಡು ನಿಮಿಷದಲ್ಲಿ ಗೊತ್ತಾಗುತ್ತದೆ.

ಈಗ ನನ್ನ ತಕರಾರಿಗೆ ಬರುತ್ತೇನೆ. ಈ ಸೀರಿಯಲ್ ಮಾಡಿದವರು ಯಾರು? ನಿರ್ಮಾಣದಲ್ಲಿ ಜೆವೈಪಿ ಇತ್ತು. ಮಕ್ಕಳಿಗೆ ತರಬೇತಿ ಕೊಟ್ಟು ಪಾಪ್ ತಂಡ ಕಟ್ಟುವ ದೊಡ್ಡ ಕಂಪನಿಗಳಲ್ಲಿ ಅದೂ ಒಂದು. ಅದರ ಸ್ಥಾಪಕ ಪಾರ್ಕ್ ಜಿನ್-ಯಂಗ್ ಸೀರಿಯಲ್ಲಿನಲ್ಲಿ ಮೇಷ್ಟ್ರ ಪಾತ್ರ ಹಾಕಿದ್ದಾರೆ. ಹೆ-ಮಿಯಾದ ಸುಜಿ ಆಗ ಅದೇ ಕಂಪನಿಯ ಗಾಯಕಿಯಾಗಿದ್ದರು. ಅಂದರೆ ಗರಡಿಯ ಯಜಮಾನನೇ ಗರಡಿಯ ಕಥೆ ಹೇಳುತ್ತಿದ್ದಾನೆ. ಹಾಗಂತ ಕಥೆ ಸುಳ್ಳು ಅನ್ನುತ್ತಿಲ್ಲ. ಒಳಗಿನವರಿಗೇ ಗೊತ್ತಿರುವ ಎಷ್ಟೋ ಸಂಗತಿ ಅದರಲ್ಲಿದೆ. ಆದರೆ ಸಾಲವನ್ನು ಎಲ್ಲಿ ಇಟ್ಟಿದ್ದಾರೆ ನೋಡಿ. ಅಪ್ಪನ ತಲೆ ಮೇಲೆ, ಬಡ್ಡಿ ವ್ಯಾಪಾರಿಯ ಜೇಬಿನಲ್ಲಿ. ಶಾಲೆಯ ಗೇಟಿನ ಆಚೆ.

ನಿಜದಲ್ಲಿ ಸಾಲ ಗೇಟಿನ ಒಳಗೂ ಇರುತ್ತದೆ. ಇಂಥ ಮಕ್ಕಳನ್ನು ಕೊರಿಯಾದಲ್ಲಿ ‘ಯೊನ್‌ಸುಪ್‌ಸೆಂಗ್’ ಅನ್ನುತ್ತಾರೆ, ಅಂದರೆ ಅಭ್ಯಾಸಕ್ಕೆ ಬಂದವರು. ಹಾಡು, ಕುಣಿತ, ಭಾಷೆಯ ಪಾಠ, ಹಾಸ್ಟೆಲ್, ಊಟ, ಎಲ್ಲಕ್ಕೂ ಕಂಪನಿ ಹಣ ಹಾಕುತ್ತದೆ. ಎಲ್ಲ ಕಡೆ ಒಂದೇ ಲೆಕ್ಕವಿಲ್ಲ. ಆದರೆ ತಂಡ ವೇದಿಕೆಗೆ ಬಂದ ಮೇಲೆ, ಹಾಕಿದ ಖರ್ಚು ವಾಪಸ್ ಬರೋವರೆಗೆ ಹಾಡಿದವರ ಕೈಗೆ ದುಡ್ಡು ಸಿಗದ ಕಂಪನಿಗಳು ಇವೆ. 2009ರಲ್ಲಿ ‘ಟಿವಿಎಕ್ಸ್‌ಕ್ಯೂ’ ಅನ್ನುವ ಕೊರಿಯನ್ ಪಾಪ್ ತಂಡದ ಐವರಲ್ಲಿ ಮೂವರು ತಮ್ಮ ಕಂಪನಿಯ ವಿರುದ್ಧ ಕೋರ್ಟಿಗೆ ಹೋದರು. ಅವರದ್ದು 13 ವರ್ಷದ ಒಪ್ಪಂದ! ಅದೇ ವರ್ಷ ಕೊರಿಯಾದ ನ್ಯಾಯಸಮ್ಮತ ವ್ಯಾಪಾರ ಆಯೋಗ ಒಂದು ಮಾದರಿ ಒಪ್ಪಂದ ತಂದು, 7 ವರ್ಷದ ಮಿತಿ ಹಾಕಿತು. ‘ಡ್ರೀಮ್ ಹೈ’ ಬಂದಿದ್ದು ಅದಾಗಿ ಎರಡೇ ವರ್ಷಕ್ಕೆ. ಅಷ್ಟು ದೊಡ್ಡ ಗಲಾಟೆ ಹೊರಗೆ ನಡೆದಿತ್ತು. ಒಳಗೆ, ಕಥೆಯಲ್ಲಿ, ಖಳನ ಕೈಯಲ್ಲಿ ಇದ್ದದ್ದು ಮಾತ್ರ ಅಪ್ಪನ ಸಾಲಪತ್ರ.

ಪಿಲ್-ಸುಕ್ ಬಗ್ಗೆ ಹೇಳದೆ ಮುಂದೆ ಹೋಗೋಕೆ ಆಗಲ್ಲ. ದಪ್ಪಗಿರುವ ಹುಡುಗಿ, ಒಳ್ಳೆ ಕಂಠ. ಆಡಿಷನ್‌ಗೆ ಸುಶಿ ವೇಷ ಹಾಕಿಕೊಂಡು ಬರುತ್ತಾಳೆ. ಹೌದು, ಅನ್ನದ ಮೇಲೆ ಮೀನಿನ ತುಂಡು ಇಟ್ಟ ಆ ಜಪಾನಿ ತಿಂಡಿಯ ವೇಷ. ಮೈ ಕಾಣದಿದ್ದರೆ ಕಿವಿ ಕೇಳುತ್ತದೆ ಅಂತ ಅವಳಿಗೆ ಗೊತ್ತು. ಆಮೇಲೆ ಅವಳು ತೂಕ ಇಳಿಸುತ್ತಾಳೆ, ಸೀರಿಯಲ್ ಅದನ್ನು ಗೆಲುವು ಅಂತ ತೋರಿಸುತ್ತದೆ. ನನಗೆ ಸುಶಿಯ ಹುಡುಗಿಯೇ ಜಾಸ್ತಿ ಇಷ್ಟ. ಆ ಪಾತ್ರ ಮಾಡಿದವರು ಗಾಯಕಿ ಐಯು. ತಮಾಷೆ ಏನು ಗೊತ್ತಾ? ತಾರೆಯಾಗೋ ಮೊದಲು ಐಯು ಇದೇ ಜೆವೈಪಿಯ ಆಡಿಷನ್ ಕೊಟ್ಟು ಫೇಲಾಗಿದ್ದರು.

ಇನ್ನು ಕಾಲದ ವಿಷಯ. ಇವತ್ತು ಜೆವೈಪಿಯ ‘ಟ್ವೈಸ್’ ಪಾಪ್ ತಂಡದ ನಾಯಕಿಯಾಗಿರುವ ಜಿಹ್ಯೊ ಪುಟ್ಟ ಹುಡುಗಿಯಾಗಿ ತರಬೇತಿಗೆ ಸೇರಿ, 2015ರಲ್ಲಿ ವೇದಿಕೆ ಹತ್ತೋವರೆಗೆ ಕಾದಿದ್ದು ಸುಮಾರು ಹತ್ತು ವರ್ಷ. ಅವರ ಜೊತೆಗೆ ಶುರುಮಾಡಿದವರಲ್ಲಿ ಎಷ್ಟೋ ಜನ ಮಧ್ಯದಲ್ಲೇ ಮನೆಗೆ ಹೋದರು. ಹತ್ತು ವರ್ಷವನ್ನು 16 ಕಂತಿನಲ್ಲಿ ತೋರಿಸೋದು ಹೇಗೆ? ಸೀರಿಯಲ್‌ನವರು ಒಂದು ಹಾಡು ಹಾಕುತ್ತಾರೆ. ಕನ್ನಡಿ ಗೋಡೆ, ಬೆವರು, ಜಾರಿ ಬೀಳೋದು, ಮತ್ತೆ ಏಳೋದು. ಮೂರು ನಿಮಿಷದಲ್ಲಿ ಎಲ್ಲರೂ ಕಲಿತುಬಿಡುತ್ತಾರೆ.

ಮೊದಲೆಲ್ಲ ಆ ಹಾಡು ಬಂದರೆ ನಾನು ಎದ್ದು ಹೋಗಿ ಕುಕ್ಕರ್ ಇಡುತ್ತಿದ್ದೆ. ಈಗ ಕೂತು ನೋಡುತ್ತೇನೆ. ನಾಯಕಿಯನ್ನಲ್ಲ. ಕೊನೇ ಸಾಲಿನಲ್ಲಿ, ಕನ್ನಡಿಗೂ ಸರಿಯಾಗಿ ಕಾಣದ ಹಾಗೆ, ಅದೇ ಹೆಜ್ಜೆಗಳನ್ನು ತಪ್ಪದೆ ಹಾಕುತ್ತಿರುವ ಹುಡುಗಿಯನ್ನು. ಅವಳಿಗೆ ಒಂದು ಸಂಭಾಷಣೆಯೂ ಇಲ್ಲ.