ಅದನ್ನು ಹೇಳಬೇಕಿತ್ತು

ನಮಸ್ಕಾರ ಸ್ನೇಹಿತರೇ. ಹೋದ ಸಂಚಿಕೆಯ ಕೆಳಗೆ ಒಬ್ಬರು ಬರೆದಿದ್ದಾರೆ: ‘ನಿಜವಾದ ಹಳ್ಳಿ ಬದುಕು ಬೇಕಿದ್ದರೆ ಹಳೆಯ ಸಾಕ್ಷ್ಯಚಿತ್ರಗಳನ್ನು ನೋಡಿ, ಆಗ ನಾಟಕವಿರಲಿಲ್ಲ.’ ಎರಡು ದಿನದಿಂದ ಆ ಮಾತು ಕೊರೆಯುತ್ತಿದೆ. ನಾಟಕವಿತ್ತು, ಬೇಕಾದಷ್ಟಿತ್ತು. ಆಡಿಸಿದ್ದು ತಪ್ಪಲ್ಲ. ಆಡಿಸಿದ್ದೇವೆ ಎಂದು ಹೇಳಬೇಕಿತ್ತು.

ಅಮೆರಿಕದ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿಯ 1934ರ ಸಾಕ್ಷ್ಯಚಿತ್ರ ‘ಮ್ಯಾನ್ ಆಫ್ ಅರಾನ್’ ಅನ್ನೇ ತೆಗೆದುಕೊಳ್ಳಿ. ಐರ್ಲೆಂಡಿನ ಪಶ್ಚಿಮ ಕಡಲಿನಲ್ಲಿ ಬರೀ ಕಲ್ಲಿನ ದ್ವೀಪ. ಗಂಡಸು ಸುತ್ತಿಗೆಯಿಂದ ಬಂಡೆ ಒಡೆಯುತ್ತಾನೆ. ಹೆಂಗಸು ಕಡಲಪಾಚಿಯ ಬುಟ್ಟಿಯನ್ನು ಬೆನ್ನಿಗೆ ಹೊತ್ತು ತರುತ್ತಾಳೆ. ಬಂಡೆಯ ಬಿರುಕಿನೊಳಗೆ ಕೈ ಹಾಕಿ ಗೋರಿದರೆ ಒಂದು ಹಿಡಿ ಮಣ್ಣು. ಅದನ್ನೆಲ್ಲ ಕೂಡಿಸಿ ಆಲೂಗಡ್ಡೆಗೊಂದು ಪಾತಿ. ಆ ದೃಶ್ಯಕ್ಕೆ ನಾನು ಇಂದಿಗೂ ಕೈಮುಗಿಯುತ್ತೇನೆ.

ಆದರೆ ತೆರೆಯ ಮೇಲಿನ ಅಪ್ಪ, ಅಮ್ಮ, ಮಗ ಒಂದೇ ಮನೆಯವರಲ್ಲ. ದ್ವೀಪದವರಲ್ಲೇ ಆರಿಸಿ ಕೂಡಿಸಿದ ಸಂಸಾರ ಅದು. ಧ್ವನಿಯನ್ನು ಆಮೇಲೆ ಲಂಡನ್ನಿನಲ್ಲಿ ಸೇರಿಸಿದರು. ಇನ್ನು ದೋಣಿಯಿಂದ ಈಟಿ ಎಸೆದು ಶಾರ್ಕ್ ಹಿಡಿಯುತ್ತಾರಲ್ಲ, ಆ ಬೇಟೆ ನಿಂತು ದಶಕಗಳೇ ಕಳೆದಿದ್ದವು! ಚಿತ್ರಕ್ಕಾಗಿಯೇ ಅವರಿಗೆ ಅದನ್ನು ಕಲಿಸಬೇಕಾಯಿತು. ಆ ಮೀನಾದರೋ ಬಾಸ್ಕಿಂಗ್ ಶಾರ್ಕ್. ಬಾಯಿ ತೆರೆದು ಈಜುತ್ತಾ ನೀರಿನ ಸೂಕ್ಷ್ಮಜೀವಿಗಳನ್ನು ಸೋಸಿ ತಿನ್ನುವ ಸಾಧು ಪ್ರಾಣಿ. ಅಜ್ಜಂದಿರ ಕೆಲಸವನ್ನು ಮೊಮ್ಮಕ್ಕಳ ದಿನನಿತ್ಯದ ಪಾಡು ಎಂದು ತೋರಿಸಿದರಲ್ಲ, ಅದನ್ನು ಹೇಳಬೇಕಿತ್ತು!

‘ಕಲೆಗೆ ಇಂಥ ಲೆಕ್ಕವೆಲ್ಲ ಕೇಳಬಾರದು’ ಎನ್ನುತ್ತೀರಾ? ಕಲೆ ಎಂದರೆ ಎಲ್ಲವನ್ನೂ ಮುಚ್ಚಲು ಹೊದಿಸುವ ಕಂಬಳಿಯೇ? ‘ಹಾಗೆ ಮಾಡದಿದ್ದರೆ ಆ ಬೇಟೆ ದಾಖಲಾಗುತ್ತಲೇ ಇರಲಿಲ್ಲ’ ಎನ್ನುವವರೂ ಇದ್ದಾರೆ. ಸರಿ, ದಾಖಲಾಗಲಿ, ಬೇಡ ಎಂದವರಾರು? ತೆರೆಯ ಮೇಲೆ ಒಂದೇ ಒಂದು ಸಾಲು ಬರೆಯಲು ಎಷ್ಟು ಖರ್ಚಾಗುತ್ತಿತ್ತು? ಅಬ್ಬರಿಸುವ ಕಡಲಿಗೆ ದೋಣಿ ಇಳಿಸಿ ಜೀವ ಪಣಕ್ಕಿಟ್ಟವರು ಆ ಬಡ ಮೀನುಗಾರರು. ಅವರು ಹೊಸದಾಗಿ ಕಲಿತು ಮಾಡಿದ ಸಾಹಸಕ್ಕೆ ಆ ಒಂದು ಸಾಲಿನ ಗೌರವವೂ ಸಿಗಲಿಲ್ಲ.

ಇದೇ ಫ್ಲಾಹರ್ಟಿ ಆಮೇಲೆ ನಮ್ಮ ಮೈಸೂರಿಗೂ ಬಂದರು. ಮಾವುತನ ಮಗ ಸಾಬು 1937ರ ‘ಎಲಿಫೆಂಟ್ ಬಾಯ್’ ಚಿತ್ರದಿಂದ ಲೋಕಕ್ಕೆಲ್ಲ ಪರಿಚಯವಾದ. ಆ ಕಥೆ ಮುಂದಿನ ಸಂಚಿಕೆಯಲ್ಲಿದೆ. ದಯವಿಟ್ಟು ಚಾನೆಲ್‌ಗೆ ಚಂದಾದಾರರಾಗಿ, ಗಂಟೆಯ ಗುರುತನ್ನು ಒತ್ತಿ, ಮನೆಯವರಿಗೂ ತೋರಿಸಿ.

ಅಷ್ಟರೊಳಗೆ, ಆ ಮಾತು ಬರೆದವರೇ, ಅರಾನ್ ಚಿತ್ರವನ್ನು ಇನ್ನೊಮ್ಮೆ ನೋಡಿ. ದೋಣಿ ಶಾರ್ಕಿನ ಪಕ್ಕಕ್ಕೆ ಬಂದಾಗ ಈಟಿ ಹಿಡಿದವನ ಕೈಯನ್ನು ನೋಡಿ. ಆ ಕೈಗೆ ಆ ಈಟಿ ಹೊಸದು. ಹೊಸದು ಎಂದು ಹೇಳಬೇಕಿತ್ತು, ಹೇಳಲೇ ಇಲ್ಲ!