ಜನ ಎಣಿಸಲು ಹೆದರುವ ದೇಶ: ಲೆಬನಾನ್ ಯುದ್ಧ ಮುಗಿದ ಮೇಲೆ ಏನಾಯಿತು?

(ದೃಶ್ಯ: ಬೆಳಗಿನ ಹಾಸನ. ಪೇಪರ್ ಅಂಗಡಿ. ನಾಲ್ಕೈದು ಜನ ಒಂದೇ ಪೇಪರಿಗೆ ಬಗ್ಗಿದ್ದಾರೆ.)

ನಮಸ್ಕಾರ. ಹೊಸ ಮಂತ್ರಿಗಳ ಪಟ್ಟಿ ಬಂದ ದಿನ ನಮ್ಮ ಹಾಸನದಲ್ಲಿ ಏನಾಗುತ್ತದೆ ಅಂತ ನಿಮಗೆ ಗೊತ್ತೇ ಇದೆ. ಮಂತ್ರಿ ಏನು ಓದಿದ್ದಾರೆ, ಹಿಂದೆ ಏನು ಕೆಲಸ ಮಾಡಿದ್ದಾರೆ ಅಂತ ಯಾರೂ ಕೇಳುವುದಿಲ್ಲ. ಮೊದಲು ಪೆನ್ನು ಹೊರಗೆ ಬರುತ್ತದೆ. ಒಕ್ಕಲಿಗರಿಗೆ ಎಷ್ಟು, ಲಿಂಗಾಯತರಿಗೆ ಎಷ್ಟು, ಕುರುಬರಿಗೆ, ದಲಿತರಿಗೆ, ಮುಸ್ಲಿಮರಿಗೆ ಎಷ್ಟು. ಆಮೇಲೆ ಜಿಲ್ಲೆಗೆ ಎಷ್ಟು. ಲೆಕ್ಕ ತಾಳೆಯಾಗದಿದ್ದರೆ ಸಂಜೆಯೊಳಗೆ ಡಿಸಿ ಆಫೀಸ್ ಮುಂದೆ ಒಂದು ಪ್ರತಿಭಟನೆ. ನಾನೂ ಹೀಗೆ ಎಣಿಸಿದವನೇ, ಸುಳ್ಳು ಯಾಕೆ ಹೇಳಲಿ.

ನಮ್ಮಲ್ಲಿ ಈ ಲೆಕ್ಕ ಎಲ್ಲೂ ಕಾನೂನಾಗಿ ಬರೆದಿಲ್ಲ. ಬಾಯಿ ಲೆಕ್ಕ. ಲೆಬನಾನ್‌ನಲ್ಲಿ ಇಡೀ ಸರ್ಕಾರವೇ ಈ ಲೆಕ್ಕದ ಮೇಲೆ ನಿಂತಿದೆ. ಅದರ ಸುತ್ತ ಹದಿನೈದು ವರ್ಷ ಯುದ್ಧ ನಡೆಯಿತು. ಯುದ್ಧ ಮುಗಿಸಲು ಕೂತವರು ಕೊನೆಗೆ ಮಾಡಿದ್ದು ಅದೇ ಲೆಕ್ಕವನ್ನು ಸ್ವಲ್ಪ ತಿದ್ದಿ ಬರೆಯುವ ಕೆಲಸ. ಇವತ್ತಿನ ವಿಡಿಯೋ ಅದರ ಬಗ್ಗೆ.

(ಪರದೆ ಮೇಲೆ: ಲೆಬನಾನ್ ನಕ್ಷೆ, ಪಕ್ಕದಲ್ಲಿ ಹಾಸನ ಮತ್ತು ಚಿಕ್ಕಮಗಳೂರು ಜಿಲ್ಲೆಗಳ ನಕ್ಷೆ)

ಮೊದಲು ಗಾತ್ರ ನೋಡಿ. ಲೆಬನಾನ್ 10,452 ಚದರ ಕಿಲೋಮೀಟರ್. ನಮ್ಮ ಹಾಸನ, ಪಕ್ಕದ ಚಿಕ್ಕಮಗಳೂರು ಎರಡನ್ನೂ ಸೇರಿಸಿದರೆ ಸುಮಾರು 14,000. ಅಂದರೆ ಇಡೀ ದೇಶವೇ ನಮ್ಮ ಎರಡು ಜಿಲ್ಲೆಗಿಂತ ಚಿಕ್ಕದು. ಅಷ್ಟರೊಳಗೆ ಸರ್ಕಾರ ಒಪ್ಪಿಕೊಂಡಿರುವ ಧಾರ್ಮಿಕ ಪಂಗಡಗಳು 18. ಮಲೆನಾಡು, ಬಯಲುಸೀಮೆ ಅಂತ ನಾವು ಹೇಳುವ ಹಾಗೆ ಅಲ್ಲೂ ಸೀಮೆಗಳಿವೆ. ಬೆಟ್ಟದ ಕಡೆ ಮಾರೊನೈಟ್ ಕ್ರೈಸ್ತರು ಮತ್ತು ಇಸ್ಲಾಮಿನಿಂದ ಕವಲೊಡೆದ ಡ್ರೂಜ್ ಅನ್ನುವ ಪಂಗಡದ ಜನ. ಟ್ರಿಪೋಲಿ, ಸಿಡಾನ್‌ನಂಥ ಕರಾವಳಿ ಊರುಗಳಲ್ಲಿ ಸುನ್ನಿಗಳು ಜಾಸ್ತಿ. ದಕ್ಷಿಣದಲ್ಲಿ, ಪೂರ್ವದ ಬೆಕಾ ಕಣಿವೆಯಲ್ಲಿ ಶಿಯಾಗಳು. ರಾಜಧಾನಿ ಬೇರೂತ್‌ನಲ್ಲಿ ಎಲ್ಲರೂ.

ಈ ದೇಶ ಫ್ರೆಂಚರ ಕೈಯಲ್ಲಿದ್ದಾಗ, 1932ರಲ್ಲಿ ಜನಗಣತಿ ನಡೆಯಿತು. ಕ್ರೈಸ್ತರು ಅರ್ಧಕ್ಕಿಂತ ಸ್ವಲ್ಪ ಜಾಸ್ತಿ ಅಂತ ಬಂತು. 1943ರಲ್ಲಿ ಸ್ವಾತಂತ್ರ್ಯ ಬರುವಾಗ ನಾಯಕರು ಒಂದು ಬಾಯಿ ಮಾತಿನ ಒಪ್ಪಂದ ಮಾಡಿಕೊಂಡರು. ರಾಷ್ಟ್ರಪತಿ ಮಾರೊನೈಟ್ ಕ್ರೈಸ್ತ. ಪ್ರಧಾನಿ ಸುನ್ನಿ. ಸ್ಪೀಕರ್ ಶಿಯಾ. ಸಂಸತ್ತಿನಲ್ಲಿ ಆರು ಕ್ರೈಸ್ತರಿಗೆ ಐದು ಮುಸ್ಲಿಮರು. ಆ ಐದರಲ್ಲೇ ಡ್ರೂಜ್‌ಗಳೂ ಸೇರಿದ್ದರು.

ಆಮೇಲೆ ಲೆಬನಾನ್ ಯಾವತ್ತೂ ಜನಗಣತಿ ಮಾಡಲಿಲ್ಲ. ಇವತ್ತಿನವರೆಗೂ ಇಲ್ಲ. ಮಾಡಿದರೆ ಕುರ್ಚಿಗಳ ಲೆಕ್ಕ ತಪ್ಪುತ್ತದೆ, ಅದಕ್ಕೆ.

ನಗಬೇಡಿ. ನಮ್ಮ ದೇಶದಲ್ಲಿ ಎಲ್ಲ ಜಾತಿಗಳ ಎಣಿಕೆ ನಡೆದು ಪೂರ್ತಿ ಅಂಕಿ ಕೊನೆಯ ಸಲ ಹೊರಗೆ ಬಂದದ್ದು 1931ರ ಜನಗಣತಿಯಲ್ಲಿ. ಅವರಿಗಿಂತ ಒಂದು ವರ್ಷ ಹಿಂದೆ! ಕರ್ನಾಟಕದಲ್ಲಿ 2015ರಲ್ಲಿ ಮನೆಮನೆಗೆ ಹೋಗಿ ಮಾಡಿದ ಸಮೀಕ್ಷೆಯ ವರದಿ ಎಷ್ಟು ವರ್ಷ ಪೆಟ್ಟಿಗೆಯಲ್ಲಿ ಕೂತಿತ್ತು, ಯಾರ್ಯಾರು ಅದನ್ನು ತೆರೆಯಬೇಡಿ ಅಂದರು ಅಂತ ನೆನಪಿದೆ ಅಲ್ವಾ? ಅಂಕಿ ಅಂದರೆ ಎಲ್ಲರಿಗೂ ಭಯ.

(ದೃಶ್ಯ: ಹಳೆಯ ಬೇರೂತ್ ಫೋಟೋಗಳು. ಸಮುದ್ರದ ದಡ, ಹೋಟೆಲ್, ಟ್ರಾಮ್.)

ಎಣಿಸದಿದ್ದರೆ ಜನ ಬದಲಾಗದೆ ಇರುತ್ತಾರಾ? ಮುಸ್ಲಿಮರ ಸಂಖ್ಯೆ, ಅದರಲ್ಲೂ ಬಡ ಶಿಯಾಗಳ ಸಂಖ್ಯೆ ಬೆಳೆಯಿತು. ಕ್ರೈಸ್ತರಲ್ಲಿ ತುಂಬಾ ಜನ ವಲಸೆ ಹೋದರು. 1948ರಲ್ಲಿ ಪಕ್ಕದ ಪ್ಯಾಲೆಸ್ಟೈನ್‌ನಿಂದ ನಿರಾಶ್ರಿತರು ಬಂದರು. 1970ರಲ್ಲಿ ಜೋರ್ಡಾನ್ ಹೊರಗೆ ಹಾಕಿದ ಪ್ಯಾಲೆಸ್ಟೈನ್ ಹೋರಾಟಗಾರರೂ ಬಂದೂಕು ಸಮೇತ ಇಲ್ಲೇ ಬಂದರು. ಅವರನ್ನು ಇಟ್ಟುಕೊಳ್ಳಬೇಕಾ ಬೇಡವಾ ಅನ್ನುವ ಮೇಲೆ ದೇಶ ಎರಡಾಯಿತು. ಸೈನ್ಯವನ್ನು ನಂಬದ ಪ್ರತಿ ಪಕ್ಷವೂ ತನ್ನದೇ ಬಂದೂಕುಪಡೆ ಕಟ್ಟಿಕೊಂಡಿತು.

1975ರ ಏಪ್ರಿಲ್ 13, ಭಾನುವಾರ. ಬೇರೂತ್‌ನ ಐನ್ ಅಲ್ ರುಮ್ಮಾನೆ ಅನ್ನುವ ಬಡಾವಣೆ. ಈ ಹೆಸರು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತದೆ. ಬೆಳಗ್ಗೆ ಚರ್ಚ್ ಹತ್ತಿರ ಗುಂಡು ಹಾರಿ ಫಲಾಂಜ್ ಅನ್ನುವ ಕ್ರೈಸ್ತ ಪಕ್ಷದ ಕಡೆಯವರು ಸತ್ತರು. ಅದೇ ದಿನ ಆ ಬೀದಿಯಲ್ಲಿ ಪ್ಯಾಲೆಸ್ಟೈನ್ ಜನ ತುಂಬಿದ್ದ ಒಂದು ಬಸ್ ಬಂತು. ಫಲಾಂಜ್ ಬಂದೂಕುಧಾರಿಗಳು ಅದರ ಮೇಲೆ ಗುಂಡು ಸುರಿಸಿದರು. ಇಪ್ಪತ್ತಕ್ಕೂ ಹೆಚ್ಚು ಜನ ಬಸ್ಸಿನಲ್ಲೇ ಸತ್ತರು. ಯುದ್ಧ ಶುರುವಾಯಿತು ಅಂತ ಜನ ಲೆಕ್ಕ ಇಡುವುದು ಆ ಬಸ್ಸಿನಿಂದ.

ಇಲ್ಲಿ ಸ್ವಲ್ಪ ನಿಧಾನ ಮಾಡುತ್ತೇನೆ. ಆ ಕಾಲದಲ್ಲಿ ಲೆಬನಾನ್‌ನ ಗುರುತಿನ ಚೀಟಿಯ ಮೇಲೆ ಪಂಗಡದ ಹೆಸರು ಇರುತ್ತಿತ್ತು. ರಸ್ತೆಗೆ ಅಡ್ಡ ಕಲ್ಲು ಇಟ್ಟು ನಿಂತ ಹುಡುಗರು ಕಾರು ನಿಲ್ಲಿಸಿ ಚೀಟಿ ಕೇಳುತ್ತಿದ್ದರು. ಬೇರೆ ಪಂಗಡವಾದರೆ ಇಳಿಸಿ ಪಕ್ಕಕ್ಕೆ ಕರೆದುಕೊಂಡು ಹೋಗುತ್ತಿದ್ದರು. 1975ರ ಡಿಸೆಂಬರ್ 6ರಂದು ಹೀಗೆ ಒಂದೇ ದಿನ ನೂರಾರು ಜನ ಸತ್ತರು. ಅದನ್ನು ಕಪ್ಪು ಶನಿವಾರ ಅಂತಾರೆ.

ಚೀಟಿ ಇಲ್ಲದಿದ್ದರೆ? ಟೊಮೊಟೊ ತೋರಿಸುತ್ತಿದ್ದರಂತೆ. ಇದೇನು ಅಂತ ಕೇಳುವುದು. ‘ಬನಡೂರ’ ಅಂದರೆ ಲೆಬನಾನ್‌ನವನು. ‘ಬಂಡೋರ’ ಅಂದರೆ ಪ್ಯಾಲೆಸ್ಟೈನ್‌ನವನು. ನಮ್ಮ ಸಂತೆಯಲ್ಲಿ ಟೊಮೊಟೊ ಅನ್ನುವವರು, ಧಾರವಾಡದ ಕಡೆ ಟಮಾಟಿ ಅನ್ನುವವರು, ಅಷ್ಟೇ ವ್ಯತ್ಯಾಸ. ಮಧ್ಯದಲ್ಲಿ ಒಂದು ಅಕ್ಷರ.

(ದೃಶ್ಯ: ಹಸಿರು ಬೆಳೆದ ಖಾಲಿ ರಸ್ತೆ, ಎರಡೂ ಕಡೆ ಗುಂಡಿನ ತೂತುಗಳಿರುವ ಕಟ್ಟಡಗಳು)

ಬೇರೂತ್ ಎರಡಾಯಿತು. ಪೂರ್ವಕ್ಕೆ ಕ್ರೈಸ್ತರು, ಪಶ್ಚಿಮಕ್ಕೆ ಮುಸ್ಲಿಮರು. ಮಧ್ಯದ ರಸ್ತೆಯಲ್ಲಿ ಜನ ಓಡಾಡುವುದೇ ನಿಂತಾಗ ಡಾಂಬರು ಒಡೆದು ಗಿಡ, ಪೊದೆ ಬೆಳೆದವು. ಅದನ್ನು ಹಸಿರು ಗೆರೆ ಅಂದರು. ನಮಗೆ ಹಸಿರು ಅಂದರೆ ಸಕಲೇಶಪುರ, ಮಳೆ, ಕಾಫಿ ತೋಟ. ಅವರಿಗೆ ಹಸಿರು ಅಂದರೆ ದಾಟಿದರೆ ಗುಂಡು ಬೀಳುವ ಜಾಗ.

ಇದು ಬರೀ ಕ್ರೈಸ್ತ–ಮುಸ್ಲಿಂ ಯುದ್ಧ ಅಂತ ವಾಟ್ಸಾಪ್‌ನಲ್ಲಿ ಬರುವ ಎರಡು ನಿಮಿಷದ ವಿಡಿಯೋಗಳು ಹೇಳುತ್ತವೆ. ಹಾಗಾದರೆ ಇದನ್ನು ನೋಡಿ. 1976ರಲ್ಲಿ ಸಿರಿಯಾ ಸೈನ್ಯ ಒಳಗೆ ಬಂದದ್ದು ಸೋಲುತ್ತಿದ್ದ ಕ್ರೈಸ್ತರನ್ನು ಉಳಿಸಲು. ಎರಡೇ ವರ್ಷದಲ್ಲಿ ಅದೇ ಸೈನ್ಯ ಕ್ರೈಸ್ತ ಬಡಾವಣೆಗಳ ಮೇಲೆ ಶೆಲ್ ಹಾಕುತ್ತಿತ್ತು. 1982ರಲ್ಲಿ ಇಸ್ರೇಲ್ ಸೈನ್ಯ ಬೇರೂತ್‌ವರೆಗೂ ಬಂತು. ಅದು ಸುತ್ತ ಕಾವಲಿದ್ದಾಗಲೇ ಫಲಾಂಜ್ ಪಡೆ ಸಬ್ರಾ, ಶತೀಲಾ ಪ್ರದೇಶಕ್ಕೆ ನುಗ್ಗಿ ಪ್ಯಾಲೆಸ್ಟೈನ್ ನಿರಾಶ್ರಿತರನ್ನೂ ಅಲ್ಲಿದ್ದ ಲೆಬನಾನ್‌ನ ಬಡವರನ್ನೂ ಕೊಂದಿತು. 1985ರಲ್ಲಿ ಪ್ಯಾಲೆಸ್ಟೈನ್ ಶಿಬಿರಗಳಿಗೆ ಮುತ್ತಿಗೆ ಹಾಕಿದ್ದು ಅಮಲ್ ಅನ್ನುವ ಶಿಯಾ ಪಡೆ. ಮುಸ್ಲಿಮರೇ ಮುಸ್ಲಿಮರ ಮೇಲೆ. 1988ರಲ್ಲಿ ಅಮಲ್ ಮತ್ತು ಹಿಜ್ಬುಲ್ಲಾ, ಶಿಯಾ ಶಿಯಾ. 1990ರಲ್ಲಿ ಸೈನ್ಯದ ಜನರಲ್ ಮಿಶೆಲ್ ಔನ್ ಮತ್ತು ಕ್ರೈಸ್ತ ಬಂದೂಕುಪಡೆಯ ನಾಯಕ ಸಮೀರ್ ಜಾಜಾ, ಕ್ರೈಸ್ತ ಕ್ರೈಸ್ತ. ಬೀದಿಯಲ್ಲಿ ಸತ್ತವರು ಪಂಗಡದ ಹೆಸರಲ್ಲಿ ಸತ್ತರು. ಮೇಲೆ ಕೂತವರ ಜಗಳ, ಆ ಪಂಗಡದ ಹೆಸರಲ್ಲಿ ಕುರ್ಚಿ ಹಿಡಿಯುವುದು ಯಾರು ಅನ್ನುವುದು.

ಸುಮಾರು ಒಂದೂವರೆ ಲಕ್ಷ ಜನ ಸತ್ತರು. ಸುಮಾರು 17,000 ಜನ ಕಾಣೆಯಾದರು.

(ಪರದೆ ಮೇಲೆ: ತಾಯಿಫ್, 1989)

1989ರ ಅಕ್ಟೋಬರ್. ಸೌದಿ ಅರೇಬಿಯಾದ ತಾಯಿಫ್ ಊರಿನಲ್ಲಿ ಲೆಬನಾನ್‌ನ ಸಂಸದರು ಸೇರಿದರು. ಇವರನ್ನು ಜನ ಆರಿಸಿದ್ದು 1972ರಲ್ಲಿ! ಯುದ್ಧದಿಂದ ಚುನಾವಣೆ ನಡೆಯದೆ, ಅವಧಿ ಮುಂದೂಡುತ್ತಾ 17 ವರ್ಷ ಅದೇ ಸಂಸತ್ತು. ಬದುಕಿ ಉಳಿದವರು ಬಂದಿದ್ದರು.

ಒಪ್ಪಂದ ಆಯಿತು. ಆರಕ್ಕೆ ಐದು ಇದ್ದದ್ದು ಸಮಸಮ ಆಯಿತು. ಈಗ 128 ಸೀಟು, 64 ಕ್ರೈಸ್ತರಿಗೆ, 64 ಮುಸ್ಲಿಮರು ಮತ್ತು ಡ್ರೂಜ್‌ಗಳಿಗೆ. ರಾಷ್ಟ್ರಪತಿಯ ಅಧಿಕಾರದಲ್ಲಿ ದೊಡ್ಡ ಪಾಲು ಮಂತ್ರಿಮಂಡಲಕ್ಕೆ ಹೋಯಿತು. ಮೂರು ದೊಡ್ಡ ಕುರ್ಚಿ ಮಾತ್ರ ಅದೇ ಮೂರು ಪಂಗಡಕ್ಕೆ. ಪಂಗಡದ ರಾಜಕೀಯವನ್ನು ಮುಂದೆ ಹಂತಹಂತವಾಗಿ ತೆಗೆದುಹಾಕಬೇಕು ಅಂತಲೂ ಬರೆದರು. ಆ ಸಾಲು ಇನ್ನೂ ಕಾಗದದಲ್ಲೇ ಇದೆ.

ನನಗೆ ಸಿಟ್ಟು ಬರುವುದು ಮುಂದಿನ ಭಾಗಕ್ಕೆ. 1991ರಲ್ಲಿ ಕ್ಷಮಾದಾನದ ಕಾನೂನು ಬಂತು. ಯುದ್ಧದಲ್ಲಿ ಮಾಡಿದ್ದೆಲ್ಲ ಮಾಫಿ. ಆದರೆ ಒಂದು ವಿನಾಯಿತಿ ಇತ್ತು. ರಾಜಕೀಯ ನಾಯಕರನ್ನೋ ಧರ್ಮಗುರುಗಳನ್ನೋ ಕೊಂದಿದ್ದರೆ ಮಾಫಿ ಇಲ್ಲ. ಅಂದರೆ ಟೊಮೊಟೊ ಕೇಳಿ ಒಬ್ಬ ಮೇಸ್ತ್ರಿಯನ್ನು ಕೊಂದಿದ್ದರೆ ನಡೆಯುತ್ತದೆ.

ಪಡೆಗಳು ಬಂದೂಕು ಒಪ್ಪಿಸಿದವು. ಇಸ್ರೇಲ್ ವಿರುದ್ಧದ ಹೋರಾಟದ ಹೆಸರಲ್ಲಿ ಹಿಜ್ಬುಲ್ಲಾ ಮಾತ್ರ ಇಟ್ಟುಕೊಂಡಿತು. ಪಡೆಗಳ ನಾಯಕರು ಏನಾದರು? ಅಮಲ್ ನಾಯಕ ನಬೀ ಬೆರ್ರಿ 1992ರಲ್ಲಿ ಸ್ಪೀಕರ್ ಆದರು, ಮೂವತ್ತು ವರ್ಷ ದಾಟಿದರೂ ಆ ಕುರ್ಚಿಗೆ ಬೇರೆಯವರು ಬರಲಿಲ್ಲ. ಬೆಟ್ಟದ ಕಡೆ ಡ್ರೂಜ್ ಮತ್ತು ಕ್ರೈಸ್ತ ಪಡೆಗಳ ನಡುವೆ ನಡೆದ ಯುದ್ಧದಲ್ಲಿ ಕ್ರೈಸ್ತ ಹಳ್ಳಿಗಳು ಖಾಲಿಯಾದವು, ಆಗ ಡ್ರೂಜ್ ಪಡೆಯ ನಾಯಕ ವಲೀದ್ ಜುಂಬ್ಲಾತ್. ಯುದ್ಧ ಮುಗಿದ ಮೇಲೆ ಅವರು ಮನೆ ಕಳೆದುಕೊಂಡವರ ಇಲಾಖೆಗೇ ಮಂತ್ರಿ. ಸಬ್ರಾ, ಶತೀಲಾ ಹತ್ಯೆಯಲ್ಲಿ ಹೆಸರು ಕೇಳಿಬಂದ ಎಲೀ ಹೊಬೈಕಾ ವಿದ್ಯುತ್ ಮಂತ್ರಿ. ಜಾಜಾ ಒಬ್ಬರು ಮಾತ್ರ 11 ವರ್ಷ ಜೈಲಿನಲ್ಲಿದ್ದು ಬಂದರು, ಬಂದವರು ಮತ್ತೆ ಪಕ್ಷ ನಡೆಸಿದರು. ಫ್ರಾನ್ಸ್‌ಗೆ ಓಡಿಹೋಗಿದ್ದ ಔನ್ 2016ರಲ್ಲಿ ರಾಷ್ಟ್ರಪತಿಯೇ ಆದರು. ಅದಕ್ಕೂ ಮೊದಲು ಯಾರನ್ನು ಆರಿಸಬೇಕು ಅಂತ ಒಮ್ಮತವಾಗದೆ 29 ತಿಂಗಳು ರಾಷ್ಟ್ರಪತಿಯೇ ಇರಲಿಲ್ಲ.

(ದೃಶ್ಯ: ನಿರೂಪಕ ಮೇಜಿನ ಮುಂದೆ. ಕಾಫಿ ಲೋಟ.)

ಸಾಮಾನ್ಯ ಜನರ ಬದುಕಿನಲ್ಲಿ ಇದು ಹೇಗೆ ಕಾಣುತ್ತದೆ? ಬೇರೆ ಬೇರೆ ಧರ್ಮದ ಹುಡುಗ ಹುಡುಗಿ ಮದುವೆಯಾಗಬೇಕಾದರೆ ದೇಶದೊಳಗೆ ರಿಜಿಸ್ಟರ್ ಮದುವೆಗೆ ಕಾನೂನಿಲ್ಲ. ಸುಮಾರು ಜನ ಪಕ್ಕದ ಸೈಪ್ರಸ್ ದ್ವೀಪಕ್ಕೆ ಹೋಗಿ ತಾಳಿ ಕಟ್ಟಿಕೊಂಡು, ಅಲ್ಲ, ಉಂಗುರ ಹಾಕಿಕೊಂಡು ಬರುತ್ತಾರೆ. ಹೊರಗೆ ಹೋಗಿ ಆದ ಆ ಮದುವೆಯನ್ನು ಸರ್ಕಾರ ಒಪ್ಪುತ್ತದೆ. ವೋಟು ಹಾಕುವುದು ನೀವಿರುವ ಊರಲ್ಲಲ್ಲ, ನಿಮ್ಮ ಮನೆತನದ ಹೆಸರು ದಾಖಲಾಗಿರುವ ಹಳ್ಳಿಯಲ್ಲಿ. ಚುನಾವಣೆ ದಿನ ಬೆಂಗಳೂರಿಂದ ಚನ್ನರಾಯಪಟ್ಟಣಕ್ಕೆ ತುಂಬಿ ಬರುವ ಬಸ್ಸು ನೋಡಿದವರಿಗೆ ಇದನ್ನು ವಿವರಿಸಬೇಕಿಲ್ಲ. ನಮ್ಮವರು ಹಠಕ್ಕೆ ಊರಲ್ಲಿ ವೋಟು ಇಟ್ಟುಕೊಂಡಿದ್ದಾರೆ. ಅವರಿಗೆ ಬೇರೆ ದಾರಿಯೇ ಇಲ್ಲ.

ಇನ್ನೊಂದು ಕೇಳಿ. ಕೆಲ ವರ್ಷದ ಹಿಂದೆ ಅರಣ್ಯ ರಕ್ಷಕರ ಕೆಲಸಕ್ಕೆ ಪರೀಕ್ಷೆ ನಡೆಯಿತು. ಹುಡುಗರು ಪಾಸಾದರು. ಆದರೆ ಪಾಸಾದವರಲ್ಲಿ ಕ್ರೈಸ್ತರು ಕಡಿಮೆ, ಮುಸ್ಲಿಮರು ಜಾಸ್ತಿ ಇದ್ದರು. ನೇಮಕ ಅಲ್ಲೇ ನಿಂತಿತು. ಸಣ್ಣ ಹುದ್ದೆಗಳಿಗೆ ಈ ಲೆಕ್ಕ ಬೇಡ ಅಂತ ತಾಯಿಫ್ ಹೇಳಿದ್ದರೂ ಹೀಗೆ. ಫಾರೆಸ್ಟ್ ಗಾರ್ಡ್ ಪರೀಕ್ಷೆಗೆ ಓದುತ್ತಿರುವವರು ನಮ್ಮ ಚಾನೆಲ್ ನೋಡುವವರಲ್ಲಿ ತುಂಬಾ ಜನ ಇದ್ದೀರಿ, ಅದಕ್ಕೇ ಹೇಳಿದೆ.

2019ರ ಅಕ್ಟೋಬರ್‌ನಲ್ಲಿ ಸರ್ಕಾರ ವಾಟ್ಸಾಪ್ ಕರೆಗೆ ತೆರಿಗೆ ಹಾಕಲು ಹೊರಟಿತು. ಜನ ಬೀದಿಗೆ ಬಂದರು, ಎಲ್ಲ ಪಂಗಡದವರೂ. ಅವರ ಘೋಷಣೆ ‘ಎಲ್ಲರೂ ಅಂದರೆ ಎಲ್ಲರೂ’. ನಮ್ಮ ಪಂಗಡದ ನಾಯಕನೂ ಸೇರಿ ಎಲ್ಲರೂ ತೊಲಗಲಿ ಅಂತ. ಹೋದವರು ಕಡಿಮೆ. ದುಡ್ಡು ಮಾತ್ರ ಹೋಯಿತು. ಒಂದು ಡಾಲರಿಗೆ 1,500 ಪೌಂಡ್ ಇದ್ದ ನಾಣ್ಯ ಶೇಕಡಾ 90ಕ್ಕಿಂತ ಜಾಸ್ತಿ ಬೆಲೆ ಕಳೆದುಕೊಂಡಿತು. ಜನರ ಉಳಿತಾಯ ಬ್ಯಾಂಕಿನಲ್ಲೇ ಸಿಕ್ಕಿಕೊಂಡಿತು.

2020ರ ಆಗಸ್ಟ್ 4. ಬೇರೂತ್ ಬಂದರಿನಲ್ಲಿ ವರ್ಷಗಟ್ಟಲೆ ಸುಮ್ನೆ ಬಿದ್ದಿದ್ದ 2,750 ಟನ್ ಅಮೋನಿಯಂ ನೈಟ್ರೇಟ್‌ಗೆ ಬೆಂಕಿ ಬಿತ್ತು. ಸ್ಫೋಟಕ್ಕೆ 200ಕ್ಕೂ ಹೆಚ್ಚು ಜನ ಸತ್ತರು. ತನಿಖೆಗೆ ಬಂದ ಮೊದಲ ನ್ಯಾಯಾಧೀಶರನ್ನು ಪ್ರಕರಣದಿಂದ ತೆಗೆದರು. ಎರಡನೆಯವರು ದೊಡ್ಡ ರಾಜಕಾರಣಿಗಳನ್ನು ವಿಚಾರಣೆಗೆ ಕರೆದರು. ಅವರನ್ನೂ ತೆಗೆಯಿರಿ ಅಂತ 2021ರ ಅಕ್ಟೋಬರ್ 14ರಂದು ಅಮಲ್ ಮತ್ತು ಹಿಜ್ಬುಲ್ಲಾ ಬೆಂಬಲಿಗರು ಮೆರವಣಿಗೆ ಹೊರಟರು. ತಯ್ಯೂನೆ ಅನ್ನುವ ವೃತ್ತದ ಹತ್ತಿರ ಗುಂಡು ಹಾರಿತು. ಏಳು ಜನ ಸತ್ತರು.

ತಯ್ಯೂನೆ ಇರುವುದು ಹಳೆಯ ಹಸಿರು ಗೆರೆಯ ಮೇಲೆ. ಅದರ ಪಕ್ಕದ ಬಡಾವಣೆ ಐನ್ ಅಲ್ ರುಮ್ಮಾನೆ. ಆ ಬಸ್ ಬಂದ ಜಾಗ.

(ದೃಶ್ಯ: ಶಾಲೆಯ ಕಾರಿಡಾರ್. ಸಂಗೀತ ಬೇಡ.)

ಅವತ್ತು ಅಲ್ಲಿನ ಶಾಲೆಗಳಲ್ಲಿ ಮಕ್ಕಳಿದ್ದರು. ಗುಂಡಿನ ಸದ್ದಿಗೆ ಟೀಚರ್‌ಗಳು ಅವರನ್ನು ಕಿಟಕಿಯಿಂದ ದೂರ ಕರೆತಂದು ಕಾರಿಡಾರಿನಲ್ಲಿ ನೆಲಕ್ಕೆ ಕೂರಿಸಿದ ದೃಶ್ಯಗಳು ಮೊಬೈಲ್‌ಗಳಲ್ಲಿ ಓಡಾಡಿದವು. ಇಡೀ ದೇಶಕ್ಕೆ ಒಂದೇ ಇತಿಹಾಸ ಪುಸ್ತಕ ಬರೆಯಬೇಕು ಅಂತ ತಾಯಿಫ್ ಒಪ್ಪಂದದಲ್ಲಿ ಇತ್ತು. ಯುದ್ಧಕ್ಕೆ ಯಾರು ಕಾರಣ ಅನ್ನುವ ಪಾಠಕ್ಕೆ ಬಂದಾಗ ಪಂಗಡಗಳು ಒಪ್ಪಲಿಲ್ಲ, ಪುಸ್ತಕ ಬರಲಿಲ್ಲ. ನೆಲಕ್ಕೆ ಕೂತಿದ್ದ ಆ ಮಕ್ಕಳ ಬ್ಯಾಗಿನಲ್ಲಿದ್ದ ಇತಿಹಾಸದ ಪಾಠ ಸ್ವಾತಂತ್ರ್ಯ ಬಂದ ಕಾಲಕ್ಕೇ ಮುಗಿಯುತ್ತದೆ, 1943ರ ಆಸುಪಾಸಿನಲ್ಲಿ.